ನಾಟಕದಿಂದ ಕಾರ್ಟೂನ್‌ಗೆ: ತುಮಕೂರಿನ ನಟಿಯೊಬ್ಬಳಿಗೆ ಪದೇ ಪದೇ ಕೇಳುವ ಪ್ರಶ್ನೆಗಳು

ನಾನು ತುಮಕೂರು ಜಿಲ್ಲೆಯವಳು. ಊರೂರಿನ ಪೌರಾಣಿಕ ನಾಟಕಗಳಲ್ಲಿ ಮೊದಲು ಉತ್ತರೆ, ರುಕ್ಮಿಣಿ, ದ್ರೌಪದಿ ಮಾಡುತ್ತಿದ್ದೆ. ವಯಸ್ಸಾದಂತೆ ಕುಂತಿ, ಗಾಂಧಾರಿಗೆ ಬಂದೆ. ಈಗ ಬೆಂಗಳೂರಿನ ಸ್ಟುಡಿಯೋಗಳಲ್ಲಿ, ಕನ್ನಡಕ್ಕೆ ಬರುವ ಕಾರ್ಟೂನ್‌ಗಳಿಗೆ ದನಿ ಕೊಡುತ್ತೇನೆ. ಜಾತ್ರೆಯಲ್ಲಿ, ಮದುವೆ ಮನೆಯಲ್ಲಿ, ಯಶವಂತಪುರದ ರೈಲಿನಲ್ಲಿ ಸಿಕ್ಕವರೆಲ್ಲ ಹೆಚ್ಚುಕಡಿಮೆ ಇವೇ ಪ್ರಶ್ನೆ ಕೇಳುತ್ತಾರೆ. ಇನ್ನು ಮೇಲೆ ಕೇಳಿದವರಿಗೆ ಇದನ್ನೇ ಕಳಿಸಿಬಿಡೋಣ ಅಂತ ಬರೆದಿಟ್ಟಿದ್ದೇನೆ.

ಯಾವ ಕಾರ್ಟೂನ್‌ನಲ್ಲಿ ಯಾರ ದನಿ ನಿಮ್ಮದು?

ಹೆಸರು ಹೇಳುವ ಹಾಗಿಲ್ಲ. ಸಹಿ ಹಾಕಿದ ಕಾಗದದಲ್ಲೇ ಹಾಗಿದೆ. ಒಂದು ಅಳಿಲು, ಇಬ್ಬರು ಹುಡುಗರು, ಸಿಡಿಸಿಡಿ ಅನ್ನುವ ಒಬ್ಬ ಅಜ್ಜಿ, ಲೆಕ್ಕವಿಡದಷ್ಟು ಕೋಳಿಮರಿ, ನಾಯಿಮರಿ ಅಂತ ಮಾತ್ರ ಹೇಳಬಲ್ಲೆ. ಕೊನೆಯಲ್ಲಿ ಹೆಸರು ಓಡುತ್ತಲ್ಲ, ಅಲ್ಲಿ ಹುಡುಕಬೇಡಿ. ಅಲ್ಲಿರುವುದು ಬಹುಪಾಲು ಮೂಲ ಭಾಷೆಯವರ ಹೆಸರು. ಅದು ಓಡುವಷ್ಟರಲ್ಲಿ ಬಿಸ್ಕತ್ತಿನ ಜಾಹೀರಾತು ಶುರುವಾಗಿರುತ್ತದೆ.

ನಾಟಕದವರಿಗೆ ಇದು ಸುಲಭ ಅಲ್ವಾ? ಬಣ್ಣ ಇಲ್ಲ, ಸೀರೆ ಇಲ್ಲ, ಡೈಲಾಗ್ ನೋಡಿಕೊಂಡೇ ಓದೋದು.

ಅರ್ಧ ನಿಜ. ಇದಕ್ಕೆ ಉದ್ದನೆಯ ಉತ್ತರ ಕೊಡಬೇಕು, ಯಾಕೆಂದರೆ ನಮ್ಮ ಕಡೆಯ ನಟಿಯರು ತಮ್ಮಲ್ಲಿ ಏನಿದೆ ಅನ್ನುವುದನ್ನೇ ತಪ್ಪಾಗಿ ಎಣಿಸುತ್ತಾರೆ. "ನನಗೆ ಒಳ್ಳೆ ಕಂಠ ಇದೆ" ಅಂತ ಸ್ಟುಡಿಯೋಗೆ ಬರುತ್ತಾರೆ. ಕಂಠ ಇರುವವರು ಬೆಂಗಳೂರಿನಲ್ಲಿ ಬೇಕಾದಷ್ಟು ಜನ ಇದ್ದಾರೆ.

ನಮ್ಮ ಹಳ್ಳಿಗಳಲ್ಲಿ ಕುರುಕ್ಷೇತ್ರ ಆಡುವುದು ಹೇಗೆ ಅಂತ ಗೊತ್ತಲ್ಲ. ಊರಿನ ಗಂಡಸರು ತಾವೇ ದುಡ್ಡು ಹಾಕಿ ಪಾತ್ರ ಹಂಚಿಕೊಳ್ಳುತ್ತಾರೆ, ಹಾರ್ಮೋನಿಯಂ ಮೇಷ್ಟ್ರು ಬಂದು ತಿಂಗಳುಗಟ್ಟಲೆ ಕಲಿಸುತ್ತಾರೆ, ಸೀನರಿ ಬಾಡಿಗೆಗೆ ಬರುತ್ತದೆ. ಹೆಣ್ಣು ಪಾತ್ರಕ್ಕೆ ಮಾತ್ರ ನಮ್ಮಂಥವರನ್ನು ಹೊರಗಿನಿಂದ ಕರೆಸುತ್ತಾರೆ. ನಾವು ಸಂಜೆ ಬಸ್ಸಿಳಿದು, ಬಣ್ಣ ಹಚ್ಚಿಕೊಳ್ಳುವ ಹೊತ್ತಿನಲ್ಲಿ ನಮ್ಮ ಐದು ಜನ ಗಂಡಂದಿರನ್ನು ಮೊದಲ ಸಲ ನೋಡುತ್ತೇವೆ. ಧರ್ಮರಾಯನಿಗೆ ಮಾತು ಮರೆತರೆ ಅವನ ಮಾತನ್ನೂ ನಾವೇ ಪ್ರಶ್ನೆಯ ರೂಪದಲ್ಲಿ ಎತ್ತಿಕೊಡಬೇಕು. ವಸ್ತ್ರಾಪಹರಣದ ನಡುವೆ ದುಶ್ಶಾಸನನ ಭಾವಮೈದುನ ಹಾರ ಹಿಡಿದು ಸ್ಟೇಜಿಗೆ ಬಂದರೆ ಅಳು ನಿಲ್ಲಿಸಿ, ಹಾರ ಬೀಳುವ ತನಕ ಕಾದು, ಮತ್ತೆ ಅದೇ ಅಳುವಿನ ಅದೇ ಜಾಗದಿಂದ ಎತ್ತಿಕೊಳ್ಳಬೇಕು. ಸ್ಟುಡಿಯೋದಲ್ಲಿ ಬೇಕಾಗುವುದು ಇದೇ ಅಭ್ಯಾಸ. ಅಲ್ಲಿ ಎದುರಿಗೆ ಯಾರೂ ಇರುವುದಿಲ್ಲ. ಕಿವಿಯಲ್ಲಿ ಜಪಾನಿನ ಹುಡುಗನೋ ಅಮೆರಿಕದ ಕರಡಿಯೋ ಮಾತಾಡುತ್ತಿರುತ್ತದೆ. ಅಳುವಿನ ನಡುವೆ "ಮೇಡಂ, ಒನ್ ಮೋರ್" ಅನ್ನುತ್ತಾರೆ. ಎಲ್ಲಿ ನಿಂತಿತ್ತೋ ಅಲ್ಲಿಂದ ಅಳಬೇಕು. ಇದು ಬರದೆ ಒದ್ದಾಡುವ ಹೊಸಬರನ್ನು ನೋಡಿದ್ದೇನೆ. ನಮ್ಮವರಿಗೆ ಅದು ಜಾತ್ರೆಯಲ್ಲೇ ಬಂದುಬಿಟ್ಟಿರುತ್ತದೆ.

ಬಿಡಬೇಕಾದ ಅಭ್ಯಾಸವೂ ಒಂದಿದೆ. ಗಟ್ಟಿ ದನಿ ಅಂತ ಎಲ್ಲರೂ ಅಂದುಕೊಳ್ಳುತ್ತಾರೆ, ಅದೇನೂ ದೊಡ್ಡ ತೊಂದರೆ ಅಲ್ಲ, ಎಂಜಿನಿಯರ್ ಕಮ್ಮಿ ಮಾಡಿಕೊಳ್ಳುತ್ತಾನೆ. ತೊಂದರೆ ಇರುವುದು ಮಾತಿನ ಬಾಲದಲ್ಲಿ. ಪೌರಾಣಿಕ ನಾಟಕದಲ್ಲಿ ಮಾತು ಮುಗಿದ ಮೇಲೆ ಹಾಡು ಬರುತ್ತದೆ, ಹಾಗಾಗಿ ಕೊನೆಯ ಅಕ್ಷರವನ್ನು ಶ್ರುತಿಯ ಮೇಲೆ ಎಳೆದು ನಿಲ್ಲಿಸುತ್ತೇವೆ. "ಬಿನ್ನಹವನ್ನು ಲಾಲಿಸು ಸ್ವಾಮೀ..." ಅಂತ ಎಳೆದರೆ ಮೇಷ್ಟ್ರು ಅಲ್ಲಿಂದ ಕಂದ ಪದ್ಯದ ಹಾಡಿಗೆ ಜಾಗ ಮಾಡಿಕೊಳ್ಳುತ್ತಾರೆ. ಕಾರ್ಟೂನ್‌ನಲ್ಲಿ ಅಳಿಲು ಬಾಯಿ ಮುಚ್ಚಿ ಮರ ಹತ್ತಿ ಆಗಿರುತ್ತದೆ, ನಮ್ಮ "ಈ" ಇನ್ನೂ ಕೆಳಗೇ ಎಳೆಯುತ್ತಿರುತ್ತದೆ. ಟೀವಿಯಲ್ಲಿ ಸೆಕೆಂಡಿಗೆ 25 ಚಿತ್ರ ಓಡುತ್ತವೆ. ನಾಲ್ಕೈದು ಚಿತ್ರದಷ್ಟು ಮಾತು ಉಳಿದರೂ ನೋಡುವ ಮಗುವಿಗೆ ಏನೋ ಸರಿಯಿಲ್ಲ ಅಂತ ಗೊತ್ತಾಗಿಬಿಡುತ್ತದೆ. ಈ ಬಾಲ ಕತ್ತರಿಸಿಕೊಳ್ಳಲು ನನಗೆ ಬಹಳ ಕಾಲ ಹಿಡಿಯಿತು.

ಹುಡುಗರ ಪಾತ್ರಕ್ಕೆ ಹೆಂಗಸರ ದನಿ ಯಾಕೆ? ಹುಡುಗರೇ ಸಿಗಲ್ವಾ?

ಸಿಗುತ್ತಾರೆ, ಉಳಿಯುವುದಿಲ್ಲ. ಹದಿಮೂರು ಹದಿನಾಲ್ಕಕ್ಕೆ ಹುಡುಗನ ದನಿ ಒಡೆಯುತ್ತದೆ, ಕಾರ್ಟೂನ್ ಹುಡುಗನಿಗೆ ಮಾತ್ರ ಯಾವಾಗಲೂ ಹತ್ತೇ ವರ್ಷ. ಜೊತೆಗೆ ಹುಡುಗರಿಗೆ ಸ್ಕೂಲು, ಪರೀಕ್ಷೆ. ಹೆಂಗಸಿನ ದನಿ ಮೂವತ್ತು ವರ್ಷ ಹಾಗೇ ಹಿಡಿದು ನಿಲ್ಲುತ್ತದೆ.

ಜಪಾನಿನ ನಟಿ ಮಸಾಕೊ ನೊಜಾವಾ ಹುಟ್ಟಿದ್ದು 1936ರಲ್ಲಿ. ಡ್ರ್ಯಾಗನ್ ಬಾಲ್ ಕಾರ್ಟೂನ್‌ನ ನಾಯಕ ಗೊಕುವಿಗೆ 1986ರಿಂದ ಅವರದೇ ದನಿ. ಗೊಕುವಿನ ಇಬ್ಬರು ಗಂಡುಮಕ್ಕಳಿಗೂ ಅವರೇ. ನಮ್ಮ ಮನೆ ಮಕ್ಕಳು ಊಟ ಬಿಟ್ಟು ನೋಡುವ ಡೊರೇಮಾನ್‌ಗೆ ಜಪಾನಿನಲ್ಲಿ 1979ರಿಂದ 2005ರವರೆಗೆ ದನಿ ಕೊಟ್ಟವರು ನಟಿ ನೊಬುಯೊ ಒಯಾಮಾ. ಹೈಯೂಜಾ ಅನ್ನುವ ನಾಟಕ ತಂಡದ ಶಾಲೆಯಲ್ಲಿ ನಟನೆ ಕಲಿತವರು. ಚಿಕ್ಕವರಿದ್ದಾಗ ದನಿ ಗಡಸು ಅಂತ ಸ್ಕೂಲಿನಲ್ಲಿ ಆಡಿಕೊಳ್ಳುತ್ತಿದ್ದರಂತೆ. 2024ರಲ್ಲಿ ತೀರಿಕೊಂಡರು. ಆಗ ನಮ್ಮ ಪತ್ರಿಕೆಗಳಲ್ಲಿ ಬಂದದ್ದು ಸಣ್ಣ ಸುದ್ದಿ. ನಾನು ಅದನ್ನು ಕತ್ತರಿಸಿ ಸ್ಕ್ರಿಪ್ಟ್ ಫೈಲಿಗೆ ಅಂಟಿಸಿಕೊಂಡೆ.

ಅಷ್ಟು ದೂರ ಯಾಕೆ, ಮೈಸೂರಿನ ಆರ್. ನಾಗರತ್ನಮ್ಮನವರನ್ನು ನೆನೆಸಿಕೊಳ್ಳಿ. 1958ರಲ್ಲಿ ಬರೀ ಹೆಂಗಸರದೇ ಸ್ತ್ರೀ ನಾಟಕ ಮಂಡಳಿ ಕಟ್ಟಿದರು. ಕಂಸ, ರಾವಣ, ದುರ್ಯೋಧನ ಎಲ್ಲ ಅವರೇ. ಗದೆ ಹೊತ್ತು ಅಬ್ಬರಿಸಿದರೆ ಹೆಂಗಸು ಅಂತ ಜನ ಮರೆತುಬಿಡುತ್ತಿದ್ದರು. ಅದಕ್ಕೂ ಮೊದಲು ನಾಟಕ ಕಂಪನಿಗಳಲ್ಲಿ ಗಂಡಸರು ಸೀರೆ ಉಟ್ಟು ಹೆಣ್ಣು ಪಾತ್ರ ಮಾಡಿದರು. ಹಾಗಿರುವಾಗ ನಾನೊಂದು ಎಂಟು ವರ್ಷದ ಪೋಕರಿ ಹುಡುಗನಾಗುವುದರಲ್ಲಿ ಏನು ಆಶ್ಚರ್ಯ?

ನಿಮಗಿಂತ ಮುಂಚೆ ನಾಟಕದಿಂದ ಈ ಕಡೆ ಬಂದವರು ಇದ್ದಾರಾ?

ದನಿ ಕೊಡುವ ಕೆಲಸ ಅಂದರೆ ನಮ್ಮ ಜಿಲ್ಲೆಯವರಿಗೆ ಮೊದಲು ನೆನಪಾಗಬೇಕಾದವರು ಬಿ. ಜಯಶ್ರೀ. ಗುಬ್ಬಿ ವೀರಣ್ಣನವರ ಮೊಮ್ಮಗಳು. 1884ರಲ್ಲಿ ಗುಬ್ಬಿಯಲ್ಲಿ ಶುರುವಾದ ಕಂಪನಿಯ ಗಾಳಿಯಲ್ಲಿ ಬೆಳೆದು, ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತು, 1976ರಲ್ಲಿ ಸ್ಪಂದನ ತಂಡ ಕಟ್ಟಿದರು. ಅದರ ಜೊತೆಗೇ ಕನ್ನಡ ಸಿನಿಮಾಗಳಲ್ಲಿ ಮಾಧವಿ, ಜಯಪ್ರದಾ, ಅಂಬಿಕಾ, ಸುಮಲತಾ ಮುಂತಾದವರಿಗೆ ದನಿ ಕೊಟ್ಟರು. ಪರದೆಯ ಮೇಲೆ ಮುಖ ಒಬ್ಬರದು, ಮಾತು ಗುಬ್ಬಿ ಮನೆತನದ್ದು. ಕಾರ್ಟೂನ್ ಅಲ್ಲದಿರಬಹುದು, ಕಸುಬು ಅದೇ. ಬೇರೊಬ್ಬರ ಬಾಯಿಗೆ ನಮ್ಮ ಉಸಿರು ಹೊಂದಿಸುವುದು.

ಕಾರ್ಟೂನ್‌ನಲ್ಲೇ ಬೇಕು ಅಂದರೆ ಅಮೆರಿಕದ ಮೇ ಕ್ವೆಸ್ಟೆಲ್. ಚಿಕ್ಕ ವಯಸ್ಸಿನಲ್ಲೇ ಸ್ಟೇಜಿನ ಮೇಲೆ ಗಾಯಕಿಯೊಬ್ಬರ ಅಣಕು ಮಾಡಿ ಹೆಸರು ಮಾಡಿದ ಹುಡುಗಿ. 1931ರಲ್ಲಿ ಬೆಟ್ಟಿ ಬೂಪ್ ಅನ್ನುವ ಕಾರ್ಟೂನ್ ಹುಡುಗಿಗೆ ದನಿ ಕೊಡಲು ಕರೆ ಬಂತು, ಮುಂದೆ ಪೊಪಾಯ್‌ನ ಗೆಳತಿ ಒಲಿವ್ ಆಯಿಲ್ ಕೂಡ ಅವರೇ ಆದರು. ಅವರು ಕೆಲಸ ಮಾಡಿದ ಸ್ಟುಡಿಯೋದಲ್ಲಿ ಆ ಕಾಲಕ್ಕೆ ಚಿತ್ರ ಮೊದಲು ಆಗಿ ಮಾತು ಆಮೇಲೆ ಸೇರುತ್ತಿತ್ತು. ಅಂದರೆ ಇವತ್ತು ನಾವು ಮಾಡುವ ಡಬ್ಬಿಂಗ್‌ಗೆ ಹತ್ತಿರದ ಕೆಲಸ. ಈಗ ಹೊಸದಾಗಿ ಕಾರ್ಟೂನ್ ಮಾಡುವವರು ಸಾಮಾನ್ಯವಾಗಿ ದನಿಯನ್ನೇ ಮೊದಲು ರೆಕಾರ್ಡ್ ಮಾಡಿ ಅದಕ್ಕೆ ಚಿತ್ರ ಬರೆಯುತ್ತಾರೆ. ಅಲ್ಲಿ ನಟಿಗೆ ಸ್ವಾತಂತ್ರ್ಯ ಜಾಸ್ತಿ. ಆ ಕೆಲಸ ಕನ್ನಡದಲ್ಲಿ ಅಪರೂಪ. ಸಿಕ್ಕಿದರೆ ಬಿಡಬೇಡಿ.

ಕನ್ನಡದಲ್ಲಿ ಡಬ್ಬಿಂಗ್ ಬೇಡ ಅಂತ ಗಲಾಟೆ ಇತ್ತಲ್ಲ?

ಇತ್ತು. 1960ರ ದಶಕದಿಂದ ಸಿನಿಮಾ ಡಬ್ಬಿಂಗ್‌ಗೆ ವಿರೋಧ ಇತ್ತು. ನಮ್ಮ ಕಲಾವಿದರ ಅನ್ನ ಹೋಗುತ್ತದೆ ಅನ್ನುವುದು ಮುಖ್ಯ ಕಾರಣ. 2009ರಲ್ಲಿ ಚಿಂಟು ಟಿವಿ ಬಂದಾಗ ಕಾರ್ಟೂನ್‌ಗಳು ಮಕ್ಕಳ ಜೊತೆ ದಿನವಿಡೀ ಕನ್ನಡದಲ್ಲಿ ಮಾತಾಡತೊಡಗಿದವು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಡಬ್ಬಿಂಗ್ ತಡೆಯುವುದರ ವಿರುದ್ಧ ಆದೇಶ ಕೊಟ್ಟಿತು. 2020ರ ಲಾಕ್‌ಡೌನ್‌ನಲ್ಲಿ ಶೂಟಿಂಗ್ ನಿಂತು ಹಿಂದಿಯ ಪೌರಾಣಿಕ ಧಾರಾವಾಹಿಗಳು ಕನ್ನಡದಲ್ಲಿ ಬಂದ ಮೇಲೆ ಬಾಗಿಲು ಪೂರ್ತಿ ತೆರೆಯಿತು. ನಾಟಕದ ಮಾತು ಗೊತ್ತಿದ್ದವರಿಗೆ ಆಗ ಕೈತುಂಬ ಕೆಲಸ ಸಿಕ್ಕಿತು.

ನನ್ನ ಅಭಿಪ್ರಾಯ ಕೇಳಿದರೆ, ಕಾರ್ಟೂನ್ ವಿಷಯದಲ್ಲಿ ಆ ವಿರೋಧಕ್ಕೆ ಅರ್ಥ ಇರಲಿಲ್ಲ. ಕನ್ನಡದಲ್ಲಿ ಸಿಗದಿದ್ದಾಗ ಮಕ್ಕಳು ಕಾರ್ಟೂನ್ ನೋಡುವುದನ್ನೇನೂ ಬಿಡಲಿಲ್ಲ, ಹಿಂದಿಯಲ್ಲಿ ನೋಡಿದರು. ನಮ್ಮ ಬೀದಿಯ ಹುಡುಗರು ಗೋಲಿ ಆಡುವಾಗ ಹಿಂದಿಯಲ್ಲಿ ಜಗಳ ಆಡುತ್ತಿದ್ದುದನ್ನು ಕಣ್ಣಾರೆ ಕಂಡಿದ್ದೇನೆ.

ಸ್ಟುಡಿಯೋ ಒಳಗೆ ಏನು ನಡೆಯುತ್ತೆ?

ಬಾತ್‌ರೂಮಿಗಿಂತ ಸ್ವಲ್ಪ ದೊಡ್ಡ ಕೋಣೆ, ಗೋಡೆಗೆಲ್ಲ ಮೆತ್ತೆ. ಎದುರಿಗೆ ಒಂದು ಸ್ಕ್ರೀನ್, ಸ್ಕ್ರಿಪ್ಟ್ ಇಡುವ ಸ್ಟ್ಯಾಂಡ್, ಒಂದು ಗೇಣು ದೂರದಲ್ಲಿ ಮೈಕು, ಅದರ ಮುಂದೆ ಜಾಲರಿ. ಪ, ಬ ಅನ್ನುವಾಗ ಬಾಯಿಂದ ಬರುವ ಗಾಳಿ ಮೈಕಿಗೆ ಬಡಿಯದಿರಲಿ ಅಂತ ಅದು. ಗಾಜಿನ ಆಚೆ ಎಂಜಿನಿಯರ್ ಮತ್ತು ಡಬ್ಬಿಂಗ್ ಡೈರೆಕ್ಟರ್. ಫ್ಯಾನ್ ಇಲ್ಲ. ಎ.ಸಿ. ಕೂಡ ಟೇಕ್ ಸಮಯದಲ್ಲಿ ಕೆಲವು ಕಡೆ ನಿಲ್ಲಿಸುತ್ತಾರೆ.

ಬಳೆ, ಗೆಜ್ಜೆ, ವಾಚು ತೆಗೆದಿಡಬೇಕು. ರೇಷ್ಮೆ ಉಡುವ ಹಾಗಿಲ್ಲ, ಸರಬರ ಕೇಳುತ್ತದೆ. ಮೆತ್ತಗಿನ ಹತ್ತಿ ಬಟ್ಟೆ ಒಳ್ಳೆಯದು. ಖಾಲಿ ಹೊಟ್ಟೆಯಲ್ಲಿ ಹೋಗಬಾರದು, ಹೊಟ್ಟೆಯ ಗುರುಗುರು ಮೈಕಿಗೆ ಗುಡುಗಿನ ಹಾಗೆ ಬೀಳುತ್ತದೆ. ತುಂಬ ತಿಂದು ಹೋದರೂ ತೇಗು. ಕ್ಯಾತ್ಸಂದ್ರದ ತಟ್ಟೆ ಇಡ್ಲಿ ಒಂದು ಸಾಕು, ಎರಡನೆಯದು ತಿಂದರೆ ಮಧ್ಯಾಹ್ನದವರೆಗೆ ನಿದ್ದೆ.

ಹೆಡ್‌ಫೋನ್‌ನ ಒಂದು ಕಿವಿಯನ್ನು ಅರ್ಧ ಸರಿಸಿಕೊಳ್ಳುತ್ತೇನೆ. ಒಂದರಲ್ಲಿ ಮೂಲ ದನಿ, ಇನ್ನೊಂದರಲ್ಲಿ ನನ್ನದೇ ದನಿ. ಚಿತ್ರ ಓಡಿಸುತ್ತಾರೆ, ಒಂದು ಸಲ ನೋಡುತ್ತೇನೆ, ಎರಡನೇ ಸಲಕ್ಕೆ ಮಾತಾಡಬೇಕು. ಪಾತ್ರದ ತುಟಿ ಎಲ್ಲಿ ಕೂಡುತ್ತದೆ ಅಂತ ಕಣ್ಣು ಇಟ್ಟಿರಬೇಕು. ಅಲ್ಲಿ ನಮ್ಮ ಮಾತಿನಲ್ಲೂ ಪ, ಬ, ಮ ಬಿದ್ದರೆ ಕೂತಂತೆ. ಸ್ಕ್ರಿಪ್ಟ್ ಬರೆದವರು ಇದನ್ನು ನೋಡಿಕೊಂಡೇ ಬರೆದಿರಬೇಕು. ಬರೆದಿರದಿದ್ದರೆ ಅಲ್ಲೇ ನಿಂತು ಪದ ಬದಲಿಸುತ್ತೇವೆ. ಧರ್ಮರಾಯನ ಮಾತು ಎತ್ತಿಕೊಟ್ಟವಳಿಗೆ ಇದೇನು ಮಹಾ.

ಮಾತಿಗಿಂತ ಕಷ್ಟ ಮಾತಿಲ್ಲದ ಸದ್ದು. ಓಡುವುದು, ಜಾರುವುದು, ಮರದಿಂದ ಬೀಳುವುದು, ನೀರು ಕುಡಿಯುತ್ತ ಬೆಚ್ಚುವುದು. ಇದಕ್ಕೆ ರಿಯಾಕ್ಷನ್ ಅನ್ನುತ್ತೇವೆ. ಅಳಿಲು ಕಡಲೆಕಾಯಿ ತಿನ್ನುವ ದೃಶ್ಯಕ್ಕೆ ಮೊದಲ ಸಲ ನಿಜವಾದ ಕಡಲೆಕಾಯಿ ಒಯ್ದಿದ್ದೆ. ಚೂರು ಗಂಟಲಿಗೆ ಸಿಕ್ಕಿ ಕೆಮ್ಮು ಬಂದು ಅರ್ಧ ಗಂಟೆ ಕೆಲಸ ನಿಂತಿತು. ಈಗ ಏನನ್ನೂ ತಿನ್ನುವುದಿಲ್ಲ. ಕೆಳತುಟಿಯನ್ನು ಹಲ್ಲಿನ ಒಳಗೆ ಎಳೆದುಕೊಂಡು, ನಾಲಗೆಯ ತುದಿಯನ್ನು ಮೇಲಿನ ಹಲ್ಲಿಗೆ ಚಟಚಟ ತಾಗಿಸುತ್ತ, ನಡುವೆ ಮೂಗಿನಿಂದ ಸಣ್ಣ ಉಸಿರು ಬಿಡುತ್ತೇನೆ. ಬಾಯಿ ತುಂಬಿಕೊಂಡು ಮಾತಾಡುವ ದೃಶ್ಯ ಬಂದರೆ ತೋರುಬೆರಳಿನ ಗೆಣ್ಣನ್ನು ಹಲ್ಲಿನ ನಡುವೆ ಕಚ್ಚಿಕೊಳ್ಳುವುದು. ಮುತ್ತು ಕೊಡುವುದಾದರೆ ಸ್ವಂತ ಮುಂಗೈಗೆ. ಬೀಳುವ ದೃಶ್ಯದಲ್ಲಿ ಹೊಟ್ಟೆಯನ್ನು ನಿಜವಾಗಿಯೂ ಒಳಗೆ ಎಳೆದು ಮೊಣಕಾಲು ಮಡಿಸದಿದ್ದರೆ "ಅಯ್ಯೋ" ಸುಳ್ಳು ಅನ್ನಿಸುತ್ತದೆ. ಹಾಗಾಗಿ ನಾನು ಕೂತು ಡಬ್ಬಿಂಗ್ ಮಾಡುವವಳಲ್ಲ. ನಿಂತೇ ಮಾಡುತ್ತೇನೆ, ಕೈಕಾಲು ಆಡಿಸುತ್ತೇನೆ, ಕಾಲಿನ ಸದ್ದು ಬಾರದಂತೆ ಬರಿಗಾಲಲ್ಲಿ.

ಒಬ್ಬೊಬ್ಬರನ್ನೇ ಪ್ರತ್ಯೇಕವಾಗಿ ರೆಕಾರ್ಡ್ ಮಾಡುತ್ತಾರೆ. ನನ್ನ ಅಳಿಲಿನ ಜೀವದ ಗೆಳೆಯ ಮೊಲಕ್ಕೆ ದನಿ ಕೊಡುವಾತನನ್ನು ನಾನು ಕಂಡದ್ದು ಒಂದು ಸೀಸನ್ ಮುಗಿದ ಮೇಲೆ, ಲಿಫ್ಟಿನ ಹತ್ತಿರ. ಚಿಂತಾಮಣಿ ಕಡೆಯವರಂತೆ.

ಎಷ್ಟು ಸಿಗುತ್ತೆ?

ಎಲ್ಲರೂ ಕೇಳುವುದು ಇದನ್ನೇ, ಕೊನೆಗೆ, ತಗ್ಗಿದ ದನಿಯಲ್ಲಿ. ಎಪಿಸೋಡಿಗೆ ಇಷ್ಟು ಅಥವಾ ಗಂಟೆಗೆ ಇಷ್ಟು ಅಂತ ಮಾತಾಗುತ್ತದೆ. ಅರ್ಧ ಗಂಟೆಯ ಕಾರ್ಯಕ್ರಮ ಅಂದರೆ ಜಾಹೀರಾತು ಬಿಟ್ಟು ಸುಮಾರು 22 ನಿಮಿಷ. ಮುಖ್ಯ ಪಾತ್ರಕ್ಕೆ ಒಂದು ದರ, ಸಣ್ಣಪುಟ್ಟದ್ದಕ್ಕೆ ಇನ್ನೊಂದು. ಗುಂಪಿನ ಗಲಾಟೆಗೆ ಬಹಳ ಸಲ ಏನೂ ಇಲ್ಲ, "ಅದೂ ಒಂದು ಮಾಡಿಬಿಡಿ ಮೇಡಂ" ಅಷ್ಟೇ. ಅದನ್ನು ಮೊದಲೇ ಮಾತಾಡಿಕೊಳ್ಳಿ. ಕನ್ನಡದ ದರ ಹಿಂದಿಗಿಂತ ಕಮ್ಮಿ.

ನಾಟಕದಲ್ಲಿ ಬೆಳಗಿನ ಜಾವ ಮಂಗಳ ಹಾಡುವ ಮೊದಲೇ ದುಡ್ಡು ಕೈಗೆ ಬರುತ್ತಿತ್ತು. ಬರದಿದ್ದರೆ ಕೊನೆಯ ಸೀನಿಗೆ ಹೋಗುತ್ತಿರಲಿಲ್ಲ, ಅಷ್ಟು ಹತೋಟಿ ನಮ್ಮ ಕೈಲಿತ್ತು. ಇಲ್ಲಿ ಬಿಲ್ಲು ಕಳಿಸಿ ಕಾಯಬೇಕು. ತಿಂಗಳುಗಟ್ಟಲೆ. ಒಂದು ಕಡೆ ನನ್ನ ಇಡೀ ಒಂದು ಸೀಸನ್ನಿನ ಹಣ ಇವತ್ತಿಗೂ ಬಂದಿಲ್ಲ. ಫೋನ್ ಮಾಡಿದರೆ ಅಕೌಂಟ್ಸ್‌ನವರು ಊಟಕ್ಕೆ ಹೋಗಿರುತ್ತಾರೆ. ಅದೆಷ್ಟು ಉಣ್ಣುತ್ತಾರೋ.

ಬರುವ ದುಡ್ಡಿನಲ್ಲಿ ಶೇಕಡ 10ರಷ್ಟು ಟಿಡಿಎಸ್ ಅಂತ ತೆರಿಗೆ ಮೊದಲೇ ಹಿಡಿಯುವುದು ವಾಡಿಕೆ. ಪ್ಯಾನ್ ಕಾರ್ಡ್ ಇರಲಿ, ವರ್ಷಕ್ಕೊಮ್ಮೆ ರಿಟರ್ನ್ಸ್ ಹಾಕಿ. ನಮ್ಮಂಥವರ ಆದಾಯಕ್ಕೆ ಬಹುಪಾಲು ಹಿಡಿದದ್ದು ವಾಪಸ್ ಬರುತ್ತದೆ. ಇದು ಗೊತ್ತಿಲ್ಲದೆ ವರ್ಷಾನುಗಟ್ಟಲೆ ಬಿಟ್ಟುಕೊಟ್ಟವರಿದ್ದಾರೆ. ಕಾರ್ಟೂನ್ ನೂರು ಸಲ ಮರುಪ್ರಸಾರವಾದರೂ ನಮಗೆ ಒಂದೇ ಸಲದ ಕೂಲಿ. ಕೃತಿಸ್ವಾಮ್ಯ ಕಾಯ್ದೆಗೆ 2012ರಲ್ಲಿ ಆದ ತಿದ್ದುಪಡಿಯಲ್ಲಿ ಕಲಾವಿದರಿಗೂ ರಾಯಧನದ ಮಾತು ಬಂತು. ನಾನು ಸಹಿ ಹಾಕಿದ ಯಾವ ಕಾಗದದಲ್ಲೂ ಅದು ಕಾಣಲಿಲ್ಲ.

ಇದೊಂದನ್ನೇ ನಂಬಿ ಮನೆ ನಡೆಸಬಹುದಾ? ಬೆಂಗಳೂರಿನಲ್ಲಿ ಇದ್ದು, ಕಾರ್ಟೂನ್, ಧಾರಾವಾಹಿ, ಜಾಹೀರಾತು, ಮೆಟ್ರೋ ಘೋಷಣೆ, ಆಡಿಯೋ ಪುಸ್ತಕ ಎಲ್ಲ ಮಾಡುವವರಿಗೆ ಆಗುತ್ತದೆ. ತುಮಕೂರಿನಿಂದ ಓಡಾಡುವ ನನಗೆ ಇದು ಅರ್ಧ ಸಂಸಾರ. ಉಳಿದರ್ಧ ನಾಟಕ ಮತ್ತು ಮನೆಯವರ ತೆಂಗಿನ ತೋಟ.

ನಮ್ಮ ಕಡೆ ಮಾತಿನ ಧಾಟಿ ಅಡ್ಡ ಬರಲ್ವಾ?

ಹಕಾರ ನುಂಗುವುದು ಅಡ್ಡ ಬರುತ್ತದೆ. "ಅಂಗೆ, ಇಂಗೆ, ಓಗು" ಅಂದರೆ ಗಾಜಿನ ಆಚೆ ಹುಬ್ಬು ಏರುತ್ತದೆ. ಪೌರಾಣಿಕ ನಾಟಕ ಮಾಡಿದವರಿಗೆ ಗ್ರಾಂಥಿಕ ಮಾತು ಬಾಯಿಪಾಠ ಆಗಿರುವುದರಿಂದ ತಿದ್ದಿಕೊಳ್ಳುವುದು ಕಷ್ಟವಾಗದು. ಶ-ಷ-ಸ, ಅಲ್ಪಪ್ರಾಣ-ಮಹಾಪ್ರಾಣ ನಮ್ಮ ಮೇಷ್ಟ್ರುಗಳು ಬೈದು ಬೈದೇ ಕೂರಿಸಿರುತ್ತಾರೆ. ಕೋಲಾರ, ಮುಳಬಾಗಿಲು, ಬಾಗೇಪಲ್ಲಿ ಕಡೆಯವರಿಗೆ ಇನ್ನೊಂದು ಅನುಕೂಲ, ತೆಲುಗು ಮನೆಮಾತಿನಷ್ಟೇ ಸಲೀಸು. ಎರಡೂ ಭಾಷೆಯಲ್ಲಿ ಕೆಲಸ ಕೇಳಬಹುದು. ಒಂದರ ರಾಗ ಇನ್ನೊಂದಕ್ಕೆ ಅಂಟದಂತೆ ನೋಡಿಕೊಂಡರೆ ಆಯಿತು.

ಆದರೆ ನನ್ನ ತಕರಾರು ಬೇರೆಯೇ ಇದೆ. ಕಾರ್ಟೂನ್ ಕನ್ನಡ ಅತಿ ಶುದ್ಧವಾಗಿ ಸಪ್ಪೆಯಾಗಿದೆ. ಎಂಟು ವರ್ಷದ ಹುಡುಗ "ನಾನು ಈಗ ತೆರಳಬೇಕು ಗೆಳೆಯರೇ" ಅನ್ನುತ್ತಾನೆ. ಯಾವ ಊರಿನ ಹುಡುಗ ಹೀಗೆ ಮಾತಾಡುತ್ತಾನೆ? ನನ್ನ ಸಿಡುಕಿನ ಅಜ್ಜಿಗೆ ಒಂದು ಸಲ ತುರುವೇಕೆರೆ ಕಡೆಯ ಅಜ್ಜಿಯ ಧಾಟಿ ಕೊಟ್ಟು, "ಎಲ್ಲಿ ಸತ್ತಿದ್ಯೋ ಇಷ್ಟೊತ್ತು, ಬಾ ಮುದ್ದೆ ಆರೋಯ್ತದೆ" ಅಂದೆ. ಡೈರೆಕ್ಟರ್ ನಕ್ಕು ಉಳಿಸಿಕೊಂಡರು. ಚಾನೆಲ್‌ನವರು "ಸತ್ತಿದ್ಯೋ" ತೆಗೆಸಿ, ಮುದ್ದೆ ಜಾಗದಲ್ಲಿ ಊಟ ಹಾಕಿಸಿದರು. ಧಾಟಿ ಮಾತ್ರ ಉಳಿಯಿತು. ಅಷ್ಟಾದರೂ ಉಳಿಯಿತಲ್ಲ.

ಗಂಟಲು ಕೆಡಲ್ವಾ? ಏನು ಕುಡೀತೀರಾ?

ಕಿರುಚುವ ದೃಶ್ಯಗಳನ್ನು ಕೊನೆಗೆ ಇಟ್ಟುಕೊಳ್ಳಿ ಅಂತ ಹಟ ಹಿಡಿಯುತ್ತೇನೆ. ಬೆಳಗ್ಗೆಯೇ ಕಿರುಚಿದರೆ ಮಧ್ಯಾಹ್ನದ ಅಳಿಲು ಕಾಗೆಯಾಗುತ್ತದೆ.

ಮೆಣಸಿನ ಕಷಾಯ, ಕಲ್ಲುಸಕ್ಕರೆ, ಲವಂಗ ಎಲ್ಲ ಗಂಟಲಿಗೆ ಹಿತ. ಆದರೆ ನುಂಗಿದ್ದು ಅನ್ನನಾಳಕ್ಕೆ ಹೋಗುತ್ತದೆ, ಧ್ವನಿತಂತುಗಳನ್ನು ಮುಟ್ಟುವುದಿಲ್ಲ. ಅವಕ್ಕೆ ನೇರವಾಗಿ ತಲುಪುವುದು ಬಿಸಿನೀರಿನ ಹಬೆ. ಅದರ ಜೊತೆಗೆ ದಿನವಿಡೀ ಸ್ವಲ್ಪ ಸ್ವಲ್ಪ ನೀರು, ರಾತ್ರಿ ನಿದ್ದೆ. ದನಿ ಕಟ್ಟಿದಾಗ ಪಿಸುಗುಡುವುದು ಒಳ್ಳೆಯದು ಅಂತ ಅನೇಕರು ನಂಬಿದ್ದಾರೆ, ಅದರಿಂದಲೂ ಗಂಟಲಿಗೆ ಶ್ರಮವಾಗಬಹುದು. ಸುಮ್ಮನಿರುವುದೇ ವಾಸಿ. ಎರಡು ಮೂರು ವಾರ ದನಿ ಒರಟಾಗಿಯೇ ಉಳಿದರೆ ಕಿವಿ-ಮೂಗು-ಗಂಟಲು ಡಾಕ್ಟರಿಗೆ ತೋರಿಸಿ. ತಂತುಗಳ ಮೇಲೆ ಗಂಟು ಬೆಳೆದಿರಬಹುದು. ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ದನಿಯ ತೊಂದರೆಗೆ ಪ್ರತ್ಯೇಕ ವಿಭಾಗವೇ ಇದೆ. ನಾಟಕದವರು ಅಲ್ಲಿಗೆ ಹೋಗಲು ನಾಚಿಕೊಳ್ಳುತ್ತಾರೆ, ಯಾಕೋ ಗೊತ್ತಿಲ್ಲ.

ಎಷ್ಟು ಓದಿರಬೇಕು?

ಕನ್ನಡ ತಡವರಿಸದೆ ಓದಲು ಬರಬೇಕು, ಮೊದಲ ನೋಟಕ್ಕೇ. ಮಾರ್ಕ್ಸ್ ಕಾರ್ಡ್ ಯಾರೂ ಕೇಳಲಿಲ್ಲ. ನಮ್ಮಲ್ಲಿ ಬಾಯಿಪಾಠದ ಮೇಲೆ ಇಡೀ ನಾಟಕ ನಡೆಸುವ ದೊಡ್ಡ ಕಲಾವಿದೆಯರಿದ್ದಾರೆ, ಓದು ನಿಧಾನ. ಅವರಿಗೆ ನಾನು ಹೇಳುವುದು, ದಿನಾ ಪೇಪರ್ ಹಿಡಿದು ಕಾಲು ಗಂಟೆ ಗಟ್ಟಿಯಾಗಿ ಓದಿ. ಕಣ್ಣು ಒಂದು ಸಾಲು ಮುಂದೆ, ಬಾಯಿ ಒಂದು ಸಾಲು ಹಿಂದೆ. ಅಷ್ಟು ಬಂದರೆ ಉಳಿದದ್ದು ನಿಮ್ಮ ಹತ್ತಿರ ಇದ್ದೇ ಇದೆ.

ಎಲ್ಲಿ ಕಲಿಯೋದು? ವಾರದಲ್ಲಿ ಕಲಿಸಿಕೊಡ್ತೀವಿ ಅಂತ ಜಾಹೀರಾತು ಬರ್ತಾ ಇರುತ್ತೆ.

ದುಡ್ಡು ಕಟ್ಟಿಸಿಕೊಂಡು "ಕೆಲಸ ಗ್ಯಾರಂಟಿ" ಅನ್ನುವವರ ಹತ್ತಿರ ಹೋಗಬೇಡಿ. ಆಡಿಷನ್‌ಗೆ ಯಾವ ಸರಿಯಾದ ಸ್ಟುಡಿಯೋವೂ ಫೀಸು ಕೇಳುವುದಿಲ್ಲ.

ನಟನೆ ಕಲಿಯಬೇಕು ಅಂದರೆ ನಾಟಕವನ್ನೇ ಕಲಿಯಿರಿ. ಹೆಗ್ಗೋಡಿನ ನಾಟಕ ಶಾಲೆ ನೀನಾಸಂ ಇದೆ. ಕೋಲಾರದವರಿಗೆ ತೇರಹಳ್ಳಿ ಬೆಟ್ಟದ ಮೇಲೆ ಆದಿಮ ಸಾಂಸ್ಕೃತಿಕ ಕೇಂದ್ರ ಇದೆ, ಹುಣ್ಣಿಮೆಯ ರಾತ್ರಿ ಅಲ್ಲಿ ನಾಟಕ, ಹಾಡು ನೋಡುವುದೇ ಒಂದು ಪಾಠ. ತುಮಕೂರಿನಲ್ಲಿ ಗುಬ್ಬಿ ವೀರಣ್ಣ ಕಲಾಕ್ಷೇತ್ರದ ಮುಂದೆ ಸಂಜೆ ಹೊತ್ತು ನಿಂತರೆ ಯಾವುದಾದರೂ ತಂಡ ಸಿಗುತ್ತದೆ. ಆಕಾಶವಾಣಿಯ ನಾಟಕ ಆಡಿಷನ್ ಕೊಡಿ. ಮೈಕಿನ ಮುಂದೆ ಮುಖವಿಲ್ಲದೆ ನಟಿಸುವುದನ್ನು ರೇಡಿಯೋದಷ್ಟು ಚೆನ್ನಾಗಿ ಇನ್ಯಾವುದೂ ಕಲಿಸುವುದಿಲ್ಲ.

ತುಟಿಗೆ ಮಾತು ಹೊಂದಿಸುವುದನ್ನು ಮನೆಯಲ್ಲೇ ಕಲಿಯಬಹುದು. ಫೋನಿನಲ್ಲಿ ಒಂದು ಕಾರ್ಟೂನ್ ಹಾಕಿ, ಸದ್ದು ತೆಗೆದು, ಒಂದೇ ನಿಮಿಷದ ತುಣುಕಿಗೆ ನಿಮ್ಮದೇ ಮಾತು ಬರೆದು ಸೇರಿಸಿ. ಇನ್ನೊಂದು ಫೋನಿನಲ್ಲಿ ರೆಕಾರ್ಡ್ ಮಾಡಿ ಕೇಳಿ. ಮೊದಮೊದಲು ಅಸಹ್ಯವಾಗಿರುತ್ತದೆ. ಬೀರುವಿನ ಬಾಗಿಲು ತೆರೆದು, ಬಟ್ಟೆಗಳ ಕಡೆ ಮುಖ ಮಾಡಿ, ತಲೆ ಮೇಲೆ ಕೌದಿ ಹೊದ್ದು ಮಾತಾಡಿದರೆ ಗೋಡೆಯ ಪ್ರತಿಧ್ವನಿ ಹೋಗುತ್ತದೆ. ಸ್ಯಾಂಪಲ್ ಕಳಿಸಲು ಇಷ್ಟು ಸಾಕು. ಪಕ್ಕದ ಮನೆಯ ಕುಕ್ಕರ್ ವಿಷಲ್ ಹೊಡೆಯುವ ಹೊತ್ತು ಬಿಟ್ಟು ಮಾಡಿ.

ಸ್ಯಾಂಪಲ್‌ನಲ್ಲಿ ಏನಿರಬೇಕು?

ಒಂದೂವರೆ ನಿಮಿಷ ಮೀರದಿರಲಿ. ಮೊದಲು ನಿಮ್ಮ ಸ್ವಂತ ದನಿ, ಆಮೇಲೆ ಮೂರು ಅಥವಾ ನಾಲ್ಕು ಪಾತ್ರ. ಹಿಂದೆ ಸಂಗೀತ ಹಾಕಬೇಡಿ. ಹೆಸರಾಂತ ನಟರ ಮಿಮಿಕ್ರಿ ಬೇಡ. ದ್ರೌಪದಿಯ ಅಳುವೂ ಬೇಡ, ನಾವೆಲ್ಲರೂ ಅದನ್ನೇ ಕಳಿಸಿರುತ್ತೇವೆ.

ಕಂಪ್ಯೂಟರೇ ಮಾತಾಡೋ ಕಾಲ ಬಂತಲ್ಲ, ನಿಮ್ಮ ಕೆಲಸ ಉಳಿಯುತ್ತಾ?

ಘೋಷಣೆ, ಸಣ್ಣ ಜಾಹೀರಾತಿನ ಕೆಲಸ ಈಗಲೇ ಕರಗುತ್ತಿದೆ. ನನ್ನ ಸ್ನೇಹಿತೆಯರಿಗೆ ಬರುತ್ತಿದ್ದ ಅಂಥ ಕರೆ ಕಮ್ಮಿಯಾಗಿದೆ. ಅಮೆರಿಕದಲ್ಲಿ ವಿಡಿಯೋ ಗೇಮ್‌ಗೆ ದನಿ ಕೊಡುವವರು 2024ರಲ್ಲಿ ಇದೇ ವಿಷಯಕ್ಕೆ ಮುಷ್ಕರ ಹೂಡಿದರು. ಕಾರ್ಟೂನ್‌ನಲ್ಲಿ ಮರದಿಂದ ಬೀಳುವ ಅಳಿಲಿನ "ಅಯ್ಯಯ್ಯೋ" ಇನ್ನೂ ಯಂತ್ರಕ್ಕೆ ಸರಿಯಾಗಿ ಬಂದಿಲ್ಲ. ನಾಳೆ ಬರಬಹುದು, ನಾನು ಕಣಿ ಹೇಳುವವಳಲ್ಲ. ಕಾಗದಕ್ಕೆ ಸಹಿ ಹಾಕುವ ಮುನ್ನ, ನಿಮ್ಮ ದನಿಯನ್ನು ಯಂತ್ರಕ್ಕೆ ಕಲಿಸಲು ಬಳಸುತ್ತೇವೆ ಅನ್ನುವ ಸಾಲು ಇದೆಯಾ ನೋಡಿ. ಇಂಗ್ಲಿಷಿನಲ್ಲಿ ಇದ್ದರೆ ಓದಲು ಬರುವ ಮಕ್ಕಳಿಂದ ಓದಿಸಿ. ನಾನು ಒಮ್ಮೆ ಅಂಥ ಸಾಲು ಹೊಡೆದುಹಾಕಿ ಕೊಟ್ಟೆ. ಅವರು ಎರಡು ದಿನ ಮಾತಾಡಲಿಲ್ಲ, ಮೂರನೇ ದಿನ ಕೆಲಸಕ್ಕೆ ಕರೆದರು.

ನಾಟಕ ಬಿಟ್ಟುಬಿಟ್ರಾ?

ಇಲ್ಲ. ಸಂಕ್ರಾಂತಿ ಕಳೆದ ಮೇಲೆ ಮಳೆ ಹಿಡಿಯುವವರೆಗೆ ನಾಟಕಗಳ ಸುಗ್ಗಿ. ಆಗ ಸ್ಟುಡಿಯೋದವರಿಗೆ ವಾರದ ಇಂಥ ದಿನ ಮಾತ್ರ ಅಂತ ಹೇಳಿಬಿಡುತ್ತೇನೆ. ಇಡೀ ರಾತ್ರಿ ಗಾಂಧಾರಿ ಮಾಡಿದ ಮಾರನೇ ದಿನ ಅಳಿಲಿನ ದನಿ ಬರುವುದಿಲ್ಲ, ಒಂದು ದಿನ ಬಿಡುವು ಬೇಕು. ಎರಡರಲ್ಲಿ ಒಂದನ್ನು ಆರಿಸಿಕೊ ಅಂತ ಮನೆಯಲ್ಲಿ ಅತ್ತೆ ಹೇಳುತ್ತಲೇ ಇರುತ್ತಾರೆ. ಅವರಿಗೆ ಯಾವುದನ್ನು ಬಿಟ್ಟರೂ ಸಂತೋಷವೇ.

ನನ್ನ ಮಗಳಿಗೆ ಎಂಟು ವರ್ಷ, ಬಾಯಿ ತುಂಬಾ ಜೋರು. ಕಾರ್ಟೂನ್‌ಗೆ ಸೇರಿಸಬಹುದಾ?

ರಜೆಯಲ್ಲಿ ಮಕ್ಕಳ ನಾಟಕ ಶಿಬಿರಕ್ಕೆ ಕಳಿಸಿ. ಕತ್ತಲೆ ಕೋಣೆಯಲ್ಲಿ ಗಂಟೆಗಟ್ಟಲೆ ನಿಂತು ಅದೇ ಸಾಲನ್ನು ಇಪ್ಪತ್ತು ಸಲ ಹೇಳುವುದು ಮಕ್ಕಳ ಕೆಲಸ ಅಲ್ಲ.

ಒಂದು ಸಲ ಆ ಅಳಿಲಿನ ಥರ ಮಾತಾಡಿ ತೋರಿಸ್ತೀರಾ?

ಮಕ್ಕಳು ಕೇಳಿದರೆ ತೋರಿಸುತ್ತೇನೆ, ಎಲ್ಲಿ ಬೇಕಾದರೂ, ಬಸ್ಸಿನಲ್ಲಾದರೂ ಸರಿ. ದೊಡ್ಡವರು ಫೋನ್ ಎತ್ತಿ ವಿಡಿಯೋ ಶುರು ಮಾಡಿದರೆ ನಿಲ್ಲಿಸಿಬಿಡುತ್ತೇನೆ. ಬೇಸರ ಮಾಡಿಕೊಳ್ಳಬೇಡಿ, ಅದೂ ಕಾಗದದಲ್ಲಿದೆ. ಹುಟ್ಟುಹಬ್ಬಕ್ಕೆ ಅಳಿಲಿನ ದನಿಯಲ್ಲಿ ಶುಭಾಶಯ ರೆಕಾರ್ಡ್ ಮಾಡಿ ಕಳಿಸಿ ಅಂತ ಕೇಳುವವರಿಗೂ ಇದೇ ಉತ್ತರ. ಗಾಂಧಾರಿಯ ದನಿಯಲ್ಲಾದರೆ ಕಳಿಸುತ್ತೇನೆ, ಇದುವರೆಗೆ ಯಾರೂ ಒಪ್ಪಿಲ್ಲ.